ಹುಡುಗರನ್ನು ಹೊರಗೆ ಕಳಿಸದೇ ಮಾಡುವ ಪಾಠ

ನಾನು ಕುಮಟಾ ಕಡೆ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವ ಅಕ್ಕೋರು. ನಾವು ಓದುವಾಗ ನರ್ಸ್ ಬಂದರೆ ಹುಡುಗರನ್ನು ಮೈದಾನಕ್ಕೆ ಅಟ್ಟಿ, ಬಾಗಿಲು ಹಾಕಿಕೊಂಡು ಹುಡುಗಿಯರಿಗೆ ಮಾತ್ರ ಮುಟ್ಟಿನ ವಿಷಯ ಹೇಳುತ್ತಿದ್ದರು. ಸಂತಾನೋತ್ಪತ್ತಿ ಪಾಠ ಬಂದರೆ ‘ಮನೆಯಲ್ಲಿ ಓದಿಕೊಳ್ಳಿ’. 2007ರಲ್ಲಿ ಶಾಲೆಗಳಲ್ಲಿ ಹದಿಹರೆಯದ ಶಿಕ್ಷಣ ಬೇಡವೆಂದು ತಡೆದ ರಾಜ್ಯಗಳಲ್ಲಿ ನಮ್ಮದೂ ಒಂದು. ಆಮೇಲೆ ಒಂದೊಂದಾಗಿ ಬಂದವು: ರಕ್ತ ಕಡಿಮೆಯಾಗದಿರಲೆಂದು ವಾರಕ್ಕೊಂದು ಕಬ್ಬಿಣಾಂಶದ ನೀಲಿ ಮಾತ್ರೆ, ಹುಡುಗಿಯರಿಗೆ ಸರ್ಕಾರದ ಶುಚಿ ಯೋಜನೆಯ ಪ್ಯಾಡ್, ಆಸ್ಪತ್ರೆಗಳಲ್ಲಿ ಹದಿಹರೆಯದವರಿಗೆಂದೇ ಸ್ನೇಹ ಕ್ಲಿನಿಕ್. ಎಂಟನೇ ತರಗತಿಯ ವಿಜ್ಞಾನದಲ್ಲೇ ಈಗ ಹದಿಹರೆಯದ ಪಾಠ ಇದೆ.

ನಾನು ಎಲ್ಲರನ್ನೂ ಒಟ್ಟಿಗೇ ಕೂರಿಸುತ್ತೇನೆ. ಶುರು ಮಾಡುವುದು ಹುಡುಗರ ಧ್ವನಿ ಒಡೆಯುವುದರಿಂದ. ಆಮೇಲೆ ಮೀಸೆ, ಮೊಡವೆ, ಬೆವರಿನ ವಾಸನೆ, ಸುಮ್ನೆ ಸುಮ್ನೆ ಬರುವ ಸಿಟ್ಟು. ಇಷ್ಟಾಗುವಾಗ ಎಲ್ಲರಿಗೂ ಇದು ತಮ್ಮದೇ ವಿಷಯ ಅನ್ನಿಸಿರುತ್ತದೆ, ಹಾಗಾಗಿ ಮುಟ್ಟಿನ ಮಾತು ಬಂದಾಗ ಹುಡುಗಿಯರು ತಲೆ ತಗ್ಗಿಸುವುದಿಲ್ಲ. ಪ್ಯಾಡ್ ಬಿಚ್ಚಿ ಮೇಜಿನ ಮೇಲಿಟ್ಟು, ಶಾಯಿ ಕಲಸಿದ ನೀರು ಹೊಯ್ದು ತೋರಿಸುತ್ತೇನೆ. ಹಿಂದಿನ ಬೆಂಚಿನ ಹುಡುಗರೂ ಎದ್ದು ಬಂದು ನೋಡುತ್ತಾರೆ.

ಮುಟ್ಟಿಗೆ ಬಟ್ಟೆ ಬಳಸುವವರು ಅದನ್ನು ಬಿಸಿಲಿಗೆ ಒಣಗಿಸಬೇಕು ಅಂತ ಎಲ್ಲ ಕಡೆ ಹೇಳುತ್ತಾರೆ. ನಮ್ಮಲ್ಲಿ ಜೂನ್‌ನಿಂದ ಆಗಸ್ಟ್‌ವರೆಗೆ ಬಿಸಿಲು ಎಲ್ಲಿದೆ? ‘ಅಕ್ಕೋರೇ, ಯೂನಿಫಾರ್ಮೇ ಒಣಗೂದಿಲ್ಲ’ ಅಂದಳು ಒಬ್ಬಳು. ಕೆಲವರು ಬೇರೆ ಬಟ್ಟೆಯ ಅಡಿಯಲ್ಲಿ ಮುಚ್ಚಿಟ್ಟು ಹಸಿಯಾಗಿಯೇ ಬಳಸುತ್ತಾರೆ, ತುರಿಕೆ ಬಂದರೂ ಯಾರಿಗೂ ಹೇಳುವುದಿಲ್ಲ. ಅದಕ್ಕೇ ಪಾಲಕರ ಸಭೆಯಲ್ಲಿ ತಾಯಂದಿರಿಗೆ ನೇರವಾಗಿ ಹೇಳುತ್ತೇನೆ: ಬಚ್ಚಲೊಲೆಯ ಹತ್ತಿರ ಹಗ್ಗ ಕಟ್ಟಿ ಬಿಚ್ಚಿ ಹರವಿ, ಪೂರ್ತಿ ಒಣಗಿದ ಮೇಲೆ ಬಿಸಿ ಇಸ್ತ್ರಿ ಹಾಕಿ. ಮುಚ್ಚಿಡಬೇಡಿ.

ನೀಲಿ ಮಾತ್ರೆಯದ್ದೂ ಹೀಗೇ. ಖಾಲಿ ಹೊಟ್ಟೆಯಲ್ಲಿ ತಿಂದರೆ ಓಕರಿಕೆ ಬರುತ್ತದೆ, ಬಿಸಿಯೂಟ ಆದ ಮೇಲೇ ಕೊಡಬೇಕು. ಮಲ ಕಪ್ಪಾಗುತ್ತದೆ ಎಂದು ಮೊದಲೇ ಹೇಳದಿದ್ದರೆ ಮಕ್ಕಳು ಹೆದರಿ, ಮುಂದಿನ ವಾರ ಮಾತ್ರೆಯನ್ನು ಕಿಟಕಿಯಾಚೆ ಎಸೆಯುತ್ತಾರೆ. ಇದು ಹುಡುಗರಿಗೂ ಇದೆ, ಅವರಿಗೂ ರಕ್ತ ಕಡಿಮೆ ಇರುತ್ತದೆ, ಅಲ್ವಾ?

ಹುಡುಗರು ಕೇಳುವ ಪ್ರಶ್ನೆ ಬೇರೆ. ನಿದ್ದೆಯಲ್ಲಿ ವೀರ್ಯ ಹೋದರೆ ಶಕ್ತಿ ಹೋಗುತ್ತದಾ ಅಂತ ಚೀಟಿಯಲ್ಲಿ ಬರೆಯುತ್ತಾರೆ. ಇಲ್ಲ, ಅದು ಸಹಜ, ಔಷಧ ಬೇಡ ಎಂದು ಎಲ್ಲರೆದುರೇ ಓದಿ ಉತ್ತರಿಸುತ್ತೇನೆ. ಅವರಿಗೆ ಇದನ್ನು ಹೇಳುವವರು ಇನ್ನೂ ಕಡಿಮೆ.

ಈಗ ನಾನು ಹಟ ಹಿಡಿದು ಕೇಳುತ್ತಿರುವುದು ಹುಡುಗಿಯರ ಶೌಚಾಲಯದಲ್ಲಿ ಮುಚ್ಚಳ ಇರುವ ಬಕೆಟ್, ಒಳಗಿನಿಂದ ಹಾಕಲು ಬರುವ ಚಿಲಕ, ಬೇಸಿಗೆಯಲ್ಲೂ ನಿಲ್ಲದ ನೀರು.