ಸನ್ನತಿಯ ಪುಟ ಬರೆಯುತ್ತ ಕಲಿತದ್ದು

ನಾನು ಕಲಬುರಗಿ ಜಿಲ್ಲೆಯ ಚಿತ್ತಾಪುರ ತಾಲ್ಲೂಕಿನವನು. ಹಗಲು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ, ರಾತ್ರಿ ಊಟವಾದ ಮೇಲೆ ಕನ್ನಡ ವಿಕಿಪೀಡಿಯಕ್ಕೆ ಬರೆಯುತ್ತೇನೆ. ನನ್ನ ಸದಸ್ಯ ಪುಟದಲ್ಲಿ ಆಸಕ್ತಿಯ ವಿಷಯಗಳೆಂದು ಭೀಮಾ ಮತ್ತು ಕಾಗಿಣಾ ದಂಡೆಯ ಊರುಗಳನ್ನೂ ಅಲ್ಲಿನ ಶಾಸನಗಳನ್ನೂ ತೊಗರಿ ಬೆಳೆಯನ್ನೂ ನಮೂದಿಸಿದ್ದೇನೆ.

ನಾನು ಮೊದಲು ಕೈಹಾಕಿದ್ದು ನಮ್ಮ ತಾಲ್ಲೂಕಿನ, ಭೀಮಾ ದಂಡೆಯ ಊರಾದ ಸನ್ನತಿಯ ಪುಟಕ್ಕೆ. ಸಣ್ಣವನಿದ್ದಾಗ ಅವ್ವನ ಕೈ ಹಿಡಿದು ಚಂದ್ರಲಾಂಬೆಯ ಗುಡಿಗೆ ಹೋಗುತ್ತಿದ್ದೆ. ದೇವಿ ದುಂಬಿಗಳ ರೂಪದಲ್ಲಿ ಬಂದು ಸೇತರಾಜನನ್ನು ಸಂಹರಿಸಿದ ಕಥೆಯನ್ನು ಅವಳು ದಾರಿಯುದ್ದಕ್ಕೂ ಹೇಳುತ್ತಿದ್ದಳು. ಅದೇ ಕಥೆಯನ್ನು ನಾನು 'ಇತಿಹಾಸ' ಎಂಬ ತಲೆಬರಹದ ಕೆಳಗೆ ಬರೆದಿದ್ದೆ. ಮರುದಿನ ಇನ್ನೊಬ್ಬ ಸಂಪಾದಕರು ಅದನ್ನು ತೆಗೆದುಹಾಕಿ, ಆಧಾರವೇನೆಂದು ಚರ್ಚೆ ಪುಟದಲ್ಲಿ ಕೇಳಿದ್ದರು. ಅವ್ವನ ಮಾತನ್ನೇ ಅಳಿಸಿದಂತಾಗಿ ಮನಸ್ಸಿಗೆ ನೋವಾಯಿತು. ಆದರೆ ನಾಲ್ಕು ದಿನ ಯೋಚಿಸಿದ ಮೇಲೆ ಅವರ ಪ್ರಶ್ನೆ ಸರಿಯಾದದ್ದೆಂದು ಒಪ್ಪಿದೆ. ಅಚ್ಚಾದ ಸ್ಥಳಪುರಾಣವೊಂದನ್ನು ಹುಡುಕಿ, 'ಐತಿಹ್ಯ' ಎಂಬ ಬೇರೆ ವಿಭಾಗದಲ್ಲಿ ಪುಟಸಂಖ್ಯೆಯೊಡನೆ ಆ ಕಥೆಯನ್ನು ಮತ್ತೆ ಸೇರಿಸಿದೆ. ಅದು ಇಂದಿಗೂ ಅಲ್ಲಿದೆ.

ಇತಿಹಾಸದ ವಿಭಾಗಕ್ಕೆ ಬೇಕಾದದ್ದು ಬೇರೆಯೇ ಇತ್ತು. 1986ರಲ್ಲಿ ಚಂದ್ರಲಾಂಬಾ ಗುಡಿಯ ಆವರಣದಲ್ಲಿನ ಕಾಳಿ ಗುಡಿಯ ಚಾವಣಿ ಕುಸಿದು ಮೂರ್ತಿ ಭಗ್ನವಾದಾಗ, ಅದರ ಪೀಠವಾಗಿದ್ದ ಕಲ್ಲಿನ ಮೇಲೆ ಬ್ರಾಹ್ಮಿ ಲಿಪಿಯ, ಪ್ರಾಕೃತ ಭಾಷೆಯ ಅಶೋಕನ ಶಾಸನ ಕಂಡಿತು. ಮುಂದೆ ಪಕ್ಕದ ಕನಗನಹಳ್ಳಿಯಲ್ಲಿ ಭಾರತೀಯ ಪುರಾತತ್ವ ಇಲಾಖೆ ನಡೆಸಿದ ಉತ್ಖನನದಲ್ಲಿ ಮಹಾಸ್ತೂಪವೂ, 'ರಾಯೋ ಅಸೋಕೋ' ಎಂದು ಹೆಸರು ಕೊರೆದ ಅಶೋಕನ ಶಿಲ್ಪವೂ ದೊರೆತವು. ಈ ಒಂದೊಂದು ವಾಕ್ಯಕ್ಕೂ ಆಧಾರ ಒದಗಿಸಲು ನನಗೆ ಹಲವು ಭಾನುವಾರಗಳು ಬೇಕಾದವು. ಚಿತ್ರಗಳನ್ನು ಮಾತ್ರ ನಾನೇ ತೆಗೆದು, ಯಾರು ಬೇಕಾದರೂ ಬಳಸಬಹುದಾದ ಪರವಾನಗಿಯಡಿ ವಿಕಿಪೀಡಿಯದ ಚಿತ್ರಭಂಡಾರವಾದ ವಿಕಿಮೀಡಿಯಾ ಕಾಮನ್ಸ್‌ಗೆ ಹಾಕಿದೆ.

ನಮ್ಮ ಭಾಗದ ಬಗ್ಗೆ ಬರೆಯುವವರು ಅತಿ ಹೆಚ್ಚು ಎಡವುವುದು ಊರ ಹೆಸರು ಮತ್ತು ಜಿಲ್ಲೆಯ ವಿಷಯದಲ್ಲಿ. 1956ಕ್ಕಿಂತ ಹಿಂದಿನ ಪುಸ್ತಕಗಳಲ್ಲಿ ನಾವು ಹೈದರಾಬಾದ್ ರಾಜ್ಯದವರು. ಯಾದಗಿರಿ ಬೇರೆ ಜಿಲ್ಲೆಯೆಂದು ಘೋಷಣೆಯಾದದ್ದು 2009ರ ಡಿಸೆಂಬರಿನಲ್ಲಿ. ಆದ್ದರಿಂದ ಅದಕ್ಕೂ ಹಿಂದಿನ ಗ್ರಂಥಗಳಲ್ಲಿ ಸುರಪುರ, ಶಹಾಪುರಗಳು ಗುಲ್ಬರ್ಗ ಜಿಲ್ಲೆಯಲ್ಲೇ ಇವೆ. ಗುಲ್ಬರ್ಗ ಅಧಿಕೃತವಾಗಿ ಕಲಬುರಗಿಯಾದದ್ದು 2014ರ ನವೆಂಬರ್ 1ರಂದು. ರಾಷ್ಟ್ರಕೂಟರ ಮಾನ್ಯಖೇಟವಾದ ಮಳಖೇಡವನ್ನು ಇಂಗ್ಲಿಷಿನಿಂದ ಅನುವಾದಿಸಿದವರು 'ಮಲ್ಖೇಡ್' ಮಾಡಿದ್ದಾರೆ. ಇಂಥ ರೂಪ ಕಂಡಲ್ಲೆಲ್ಲ ಊರವರು ಆಡುವ ಹೆಸರನ್ನೇ ಶೀರ್ಷಿಕೆಯಾಗಿಟ್ಟು, ಉಳಿದ ಹೆಸರುಗಳಿಂದ ಹುಡುಕಿದವರೂ ಅದೇ ಪುಟಕ್ಕೆ ಬರುವಂತೆ ಪುನರ್ನಿರ್ದೇಶನ ಕೊಡುತ್ತೇನೆ. ನೋಡಲು ಸಣ್ಣ ಕೆಲಸವಾದರೂ, ನನ್ನ ಮಟ್ಟಿಗೆ ಹೊಸ ಪುಟ ಬರೆಯುವುದಕ್ಕಿಂತ ಇದೇ ಹೆಚ್ಚು ಅಗತ್ಯದ್ದು. ಏಕೆಂದರೆ ತಮ್ಮೂರ ಹೆಸರನ್ನು ಕನ್ನಡದಲ್ಲಿ ಹುಡುಕುವ ಮಕ್ಕಳಿಗೆ ಆ ಊರು ಸಿಗಬೇಕು.

ಸದ್ಯ ಚಿತ್ತಾಪುರದ ಸಮೀಪದ ನಾಗಾವಿಯ ಪುಟವನ್ನು ವಿಸ್ತರಿಸುತ್ತಿದ್ದೇನೆ. ಅಲ್ಲಿನ ಘಟಿಕಾಸ್ಥಾನದ, ಅಂದರೆ ಹಿಂದಿನ ಕಾಲದ ವಿದ್ಯಾಕೇಂದ್ರದ, 1058ರ ಶಾಸನ ಉಪಾಧ್ಯಾಯರ ಜೊತೆಗೆ ಆರು ಮಂದಿ ಸರಸ್ವತೀ ಭಂಡಾರಿಗರನ್ನು, ಅಂದರೆ ಗ್ರಂಥಪಾಲಕರನ್ನು, ಉಲ್ಲೇಖಿಸುತ್ತದೆ. ಇದನ್ನು ತರಗತಿಯಲ್ಲಿ ಹೇಳಿದಾಗ ಹುಡುಗಿಯೊಬ್ಬಳು "ಸರ್, ಅದು ಯಾವ ಪುಸ್ತಕದಾಗ ಅದ?" ಎಂದು ಕೇಳಿದಳು. ಅವಳಿಗೆ ತೋರಿಸಲು ಶಾಸನ ಸಂಪುಟದ ಆ ಪುಟದ ಪ್ರತಿಯನ್ನು ಮಾಡಿಸಿಟ್ಟಿದ್ದೇನೆ.