ನೀರೆತ್ತದ ಮೋಟರ್ ಇಟ್ಟುಕೊಂಡು ಚೈನಿಂಗ್ ಕಲಿಯುವುದು

ಅಪ್ಪನದು ಮಂಡ್ಯದ ಗುತ್ತಲು ರಸ್ತೆಯಲ್ಲಿ ಮೋಟರ್ ರಿವೈಂಡಿಂಗ್ ಅಂಗಡಿ. ಬಸರಾಳು ಕಡೆಯಿಂದ ಫೋನ್ ಬಂದರೆ ಅಪ್ಪ ಎರಡು ಮೂರು ಪ್ರಶ್ನೆ ಕೇಳಿ, ಕುಂತಲ್ಲಿಂದಲೇ ಕಾಯಿಲೆ ಹೇಳುತ್ತಾರೆ. ಅದನ್ನೇ ಎಕ್ಸ್‌ಪರ್ಟ್ ಸಿಸ್ಟಮ್, ಅಂದರೆ ನುರಿತವರ ಹಾಗೆ ನಿಯಮ ಹಿಡಿದು ಉತ್ತರ ಹೇಳುವ ಪ್ರೋಗ್ರಾಮ್, ಮಾಡಲು ಹೋಗಿ ನಾನು ಒಮ್ಮೆ ಎಡವಿದೆ. ನೀವು ಎಡವಬೇಡಿ.

ಕಂಪ್ಯೂಟರ್ ಆಮೇಲೆ. ಮೊದಲು ಒಂದು ಹಾಳೆಯಲ್ಲಿ 'ಹೀಗಿದ್ದರೆ ಹಾಗೆ' ಅನ್ನುವ ನಿಯಮ ಬರೆಯಿರಿ. ನನ್ನವು ಇವು:

1. ಸ್ಟಾರ್ಟರ್‌ನ ಮೂರು ದೀಪದಲ್ಲಿ ಒಂದು ಉರಿಯದಿದ್ದರೆ, ಒಂದು ಫೇಸ್ ಇಲ್ಲ.
2. ಒಂದು ಫೇಸ್ ಇಲ್ಲದೆ ಮೋಟರ್ ಗುಂಯ್ ಅನ್ನುತ್ತಿದ್ದರೆ, ಸಿಂಗಲ್ ಫೇಸಿಂಗ್.
3. ಸಿಂಗಲ್ ಫೇಸಿಂಗ್ ಆದರೆ, ತಕ್ಷಣ ಆಫ್ ಮಾಡಿ ಫ್ಯೂಸ್ ನೋಡಬೇಕು.
4. ಮೋಟರ್ ತಿರುಗಿಯೂ ನೀರು ಬರದೆ, ಪಂಪಿಗೆ ತುಂಬಿದ ನೀರು ಇಳಿದುಹೋಗುತ್ತಿದ್ದರೆ, ಫುಟ್‌ವಾಲ್ವ್ (ಬಾವಿಯೊಳಗಿನ ಪೈಪಿನ ತುದಿಯಲ್ಲಿರುವ, ನೀರು ವಾಪಸ್ ಇಳಿಯದಂತೆ ತಡೆಯುವ ವಾಲ್ವ್) ಸೋರುತ್ತಿದೆ.

ನಿಯಮಕ್ಕೆ ನಿಯಮ ಕೊಂಡಿ ಹಾಕಿ ಉತ್ತರ ಹುಡುಕುವುದೇ ಚೈನಿಂಗ್. ಗೊತ್ತಿರುವುದರಿಂದ ಮುಂದಕ್ಕೆ ಹೋದರೆ ಫಾರ್ವರ್ಡ್, ಗುಮಾನಿಯಿಂದ ಹಿಂದಕ್ಕೆ ಬಂದರೆ ಬ್ಯಾಕ್‌ವರ್ಡ್. ಫಾರ್ವರ್ಡ್ ಚೈನಿಂಗ್‌ಗೆ ಗೊತ್ತಿರುವ ಸಂಗತಿಗಳನ್ನು ಒಂದೊಂದು ಚೀಟಿಯಲ್ಲಿ ಬರೆದು ಮೇಜಿನ ಮೇಲೆ ಇಡಿ. 'ಒಂದು ದೀಪ ಇಲ್ಲ', 'ಗುಂಯ್ ಅನ್ನುತ್ತಿದೆ'. ಈಗ ನಿಯಮದ 'ಇದ್ದರೆ' ಭಾಗ ಯಾವುದಕ್ಕೆ ಹೊಂದುತ್ತದೆ ನೋಡಿ. 1 ಹೊಂದಿತು, 'ಒಂದು ಫೇಸ್ ಇಲ್ಲ' ಅಂತ ಹೊಸ ಚೀಟಿ ಇಡಿ. ಆ ಚೀಟಿಯಿಂದ 2 ಹೊಂದಿತು, ಅದರಿಂದ 3. ಹೊಸ ಚೀಟಿ ಹುಟ್ಟುವುದು ನಿಂತಾಗ ಕೆಲಸ ಮುಗಿಯಿತು. ಅದೇ ಚೀಟಿಗಳಿಗೆ ಅದೇ ನಿಯಮವನ್ನು ಮತ್ತೆ ಓಡಿಸಬೇಡಿ, ಸುಮ್ನೆ ಸುತ್ತುತ್ತಾ ಇರುತ್ತದೆ.

ನಾನು ಎಡವಿದ್ದು ಇಲ್ಲೇ. ಚೀಟಿ ತುಂಬಲಿ ಅಂತ ಮೊದಲೇ 14 ಪ್ರಶ್ನೆ ಕೇಳುವ ಹಾಗೆ ಬರೆದಿದ್ದೆ. ಐದನೆಯದಕ್ಕೇ ಅಪ್ಪನಿಗೆ ರೇಗಿತು. "ಅಲ್ ಕಣವ್ವ, ಮೋಟ್ರು ಗುಂಯ್ ಅಂತದೆ ಅಂದ್ರೆ ಬಾವಿ ಆಳ ಯಾಕ್ ಕೇಳ್ತದೆ ಇದು?"

ಅಪ್ಪ ಮಾಡುವುದು ಬ್ಯಾಕ್‌ವರ್ಡ್ ಚೈನಿಂಗ್. ಮೊದಲು ಒಂದು ಗುಮಾನಿ ಹಿಡಿಯಿರಿ: ಫುಟ್‌ವಾಲ್ವ್ ಸೋರುತ್ತಿದೆಯಾ? ಅದನ್ನು ಹೇಳುವ ನಿಯಮ ಹುಡುಕಿ. 4 ಸಿಕ್ಕಿತು. ಅದಕ್ಕೆ ಬೇಕಾದದ್ದನ್ನು ಮಾತ್ರ ಕೇಳಿ. "ಮೋಟರ್ ತಿರುಗುತ್ತಿದೆಯಾ?" ಇಲ್ಲ ಅಂದರೆ ಅಲ್ಲಿಗೇ ಬಿಟ್ಟು ಮುಂದಿನ ಗುಮಾನಿಗೆ ಹೋಗಿ. ಸಿಂಗಲ್ ಫೇಸಿಂಗಾ? ಅದಕ್ಕೆ ನಿಯಮ 2. ಅದಕ್ಕೆ 'ಒಂದು ಫೇಸ್ ಇಲ್ಲ' ಅನ್ನುವುದು ಗೊತ್ತಾಗಬೇಕು, ಅಂದರೆ ನಿಯಮ 1. ದೀಪದ ವಿಚಾರ ಹೇಳುವ ನಿಯಮ ಯಾವುದೂ ಇಲ್ಲ ಅಲ್ವಾ? ಹಾಗಾಗಿ ಅದನ್ನು ಮನುಷ್ಯರನ್ನೇ ಕೇಳಬೇಕು.

ಈ ದಾರಿಯಲ್ಲಿ ಇನ್ನೊಂದು ಅನುಕೂಲ. "ಯಾಕೆ ಕೇಳ್ತಿದ್ದೀಯ?" ಅಂದರೆ ಈಗ ಕೈಯಲ್ಲಿರುವ ನಿಯಮವನ್ನು ತೋರಿಸಿದರೆ ಸಾಕು. 1970ರ ದಶಕದಲ್ಲಿ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ರಕ್ತದ ಸೋಂಕು ಪತ್ತೆಗೆ ಮಾಡಿದ ಮೈಸಿನ್ ಅನ್ನುವ ಎಕ್ಸ್‌ಪರ್ಟ್ ಸಿಸ್ಟಮ್ ಹೀಗೇ ಉತ್ತರಿಸುತ್ತಿತ್ತು. ಅದು ಬ್ಯಾಕ್‌ವರ್ಡ್. ಆದರೆ ಡಿಇಸಿ ಕಂಪನಿಯ ವ್ಯಾಕ್ಸ್ ಕಂಪ್ಯೂಟರ್‌ಗೆ ಯಾವ ಭಾಗಗಳು ಬೇಕು ಅಂತ ಜೋಡಿಸುತ್ತಿದ್ದ ಎಕ್ಸ್‌ಕಾನ್ ಫಾರ್ವರ್ಡ್. ಅಲ್ಲಿ ಆರ್ಡರ್ ಪೂರ್ತಿ ಕೈಯಲ್ಲಿತ್ತು, ಕೊನೆಗೆ ಏನು ನಿಲ್ಲುತ್ತದೋ ಗೊತ್ತಿರಲಿಲ್ಲ. ಸಂಗತಿ ತಾನಾಗಿ ಬಂದು ಬೀಳುತ್ತಿದ್ದರೆ, ಉದಾಹರಣೆಗೆ ಸೆನ್ಸರ್‌ನಿಂದ, ಫಾರ್ವರ್ಡ್ ಇರಲಿ. ಒಂದೊಂದಕ್ಕೂ ಯಾರನ್ನೋ ಗದ್ದೆಗೆ ಓಡಿಸಬೇಕಾದರೆ ಬ್ಯಾಕ್‌ವರ್ಡ್.

ಕೋಡ್ ಬರೆಯುವುದಾದರೆ ಫಾರ್ವರ್ಡ್‌ಗೆ ಕ್ಲಿಪ್ಸ್, ಬ್ಯಾಕ್‌ವರ್ಡ್‌ಗೆ ಪ್ರೋಲಾಗ್ ಅನ್ನುವ ಭಾಷೆ. ಪ್ರೋಲಾಗ್‌ನಲ್ಲಿ ಹುಷಾರು: ಇದಕ್ಕೆ ಅದು ಬೇಕು, ಅದಕ್ಕೆ ಇದೇ ಬೇಕು ಅಂತ ಬರೆದರೆ ಗಾಣದ ಎತ್ತಿನ ಹಾಗೆ ಸುತ್ತುತ್ತದೆ.

ತಿದ್ದಿದ ಮೇಲೆ ಅಪ್ಪನಿಗೆ ಮತ್ತೆ ತೋರಿಸಿದೆ. ಮೂರು ಪ್ರಶ್ನೆಗೆ ಉತ್ತರ ಬಂತು. ಕನ್ನಡಕ ಏರಿಸಿ ಹಾಳೆ ನೋಡಿದರು. "ಟಿಸಿ ರಿಪೇರಿ ಆದ್ಮೇಲೆ ಫೇಸ್ ಅದಲುಬದಲಾಗಿ ಮೋಟ್ರು ಉಲ್ಟಾ ತಿರುಗ್ತದಲ್ಲ, ಅದೆಲ್ಲಿ?" ಟಿಸಿ ಅಂದರೆ ಕರೆಂಟಿನ ಟ್ರಾನ್ಸ್‌ಫಾರ್ಮರ್. ಐದನೇ ನಿಯಮ ಬರೆದುಕೊಂಡೆ. ಗುಮಾನಿಗಳ ಪಟ್ಟಿಯಲ್ಲಿ ಕೊನೆಗೆ ಹಾಕಿದ್ದೆ. ಟಿಸಿ ಸುಡುವ ಕಾಲದಲ್ಲಿ ಅದನ್ನೇ ಮೊದಲು ಕೇಳಬೇಕಂತೆ.