ಕಂತಿನಲ್ಲಿ ಅಸಲು 264 ರೂಪಾಯಿ: ನಮ್ಮ ಗೃಹಸಾಲದ ಲೆಕ್ಕ

2023ರ ಏಪ್ರಿಲ್‌ನಲ್ಲಿ ನಮ್ಮ ಗೃಹಸಾಲದ ಕಂತು 30,772 ರೂಪಾಯಿ. ಅದರಲ್ಲಿ 30,508 ಬಡ್ಡಿಗೇ ಹೋಗಿ ಅಸಲಿಗೆ ಉಳಿಯುತ್ತಿದ್ದದ್ದು 264 ರೂಪಾಯಿ. ಬಾಕಿ 38.94 ಲಕ್ಷ. ಅದೇ ದರಕ್ಕೆ ಅದೇ ಕಂತು ಕಟ್ಟುತ್ತಾ ಹೋದರೆ ಸಾಲ ತೀರಲು ಇನ್ನೂ 610 ಕಂತು, ಅಂದರೆ ಹತ್ತಿರ ಹತ್ತಿರ 51 ವರ್ಷ ಬೇಕು. ಆಗ ನನಗೆ 38 ತುಂಬಿತ್ತು.

ಮೈಸೂರಿನ ಒಂದು ಖಾಸಗಿ ಕಾರ್ಖಾನೆಯ ಅಕೌಂಟ್ಸ್ ವಿಭಾಗದಲ್ಲಿ ನನ್ನ ಕೆಲಸ. ದಿನವಿಡೀ ಬೇರೆಯವರ ಲೆಕ್ಕ ಬರೆಯುವವನು ಸ್ವಂತ ಸಾಲಕ್ಕೂ ಒಂದು ಲೆಡ್ಜರ್ ಇಟ್ಟಿದ್ದೆ. ಎಕ್ಸೆಲ್‌ನಲ್ಲಿ ಐದೇ ಕಾಲಂ: ದಿನಾಂಕ, ಬಡ್ಡಿ ದರ, ಬಡ್ಡಿ, ಅಸಲು, ಬಾಕಿ. ಬಾಕಿಯನ್ನು ವರ್ಷದ ದರದಿಂದ ಗುಣಿಸಿ ಹನ್ನೆರಡರಿಂದ ಭಾಗಿಸಿದರೆ ಆ ತಿಂಗಳ ಬಡ್ಡಿ. ಕಂತಿನಲ್ಲಿ ಬಡ್ಡಿ ಕಳೆದರೆ ಅಸಲು. ಅಸಲನ್ನು ಬಾಕಿಯಿಂದ ಕಳೆದು ಮುಂದಿನ ಸಾಲಿಗೆ ಎಳೆದುಕೊಂಡು ಹೋಗುವುದು, ಅಷ್ಟೇ. ದಿನದ ಲೆಕ್ಕದಲ್ಲಿ ಬ್ಯಾಂಕಿನ ಸ್ಟೇಟ್‌ಮೆಂಟ್‌ಗೂ ಇದಕ್ಕೂ ಹತ್ತಿಪ್ಪತ್ತು ರೂಪಾಯಿ ಆಚೀಚೆ ಆಗಬಹುದು. ಅದಕ್ಕೆ ತಲೆ ಕೆಡಿಸಿಕೊಳ್ಳಬೇಕಿಲ್ಲ.

ಸಾಲ ತೆಗೆದದ್ದು 2021ರ ಆಗಸ್ಟ್‌ನಲ್ಲಿ. ಕುವೆಂಪುನಗರದಲ್ಲಿ ಎರಡು ಬೆಡ್‌ರೂಮಿನ ಹಳೆಯ ಫ್ಲ್ಯಾಟ್, ಬೆಲೆ 52 ಲಕ್ಷ, ಸಾಲ 40 ಲಕ್ಷ, ಅವಧಿ 20 ವರ್ಷ, ಬಡ್ಡಿ ಶೇ. 6.90. ಕೋವಿಡ್ ಕಾಲ. ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಅದು ಬ್ಯಾಂಕುಗಳಿಗೆ ಸಾಲ ಕೊಡುವ ಬಡ್ಡಿ ದರ, ಶೇ. 4ಕ್ಕೆ ಇಳಿದು ಅಲ್ಲೇ ನಿಂತಿತ್ತು. ಇಷ್ಟು ಅಗ್ಗದ ಸಾಲ ಮತ್ತೆ ಸಿಗಲ್ಲ ಅಂತ ಊರೆಲ್ಲ ಹೇಳುತ್ತಿತ್ತು, ಮಾತು ಸುಳ್ಳೂ ಆಗಿರಲಿಲ್ಲ. ಆ ದರಕ್ಕೆ ಒಟ್ಟು ಕಟ್ಟಬೇಕಾದದ್ದು 73.85 ಲಕ್ಷ, ಅದರಲ್ಲಿ ಬಡ್ಡಿ 33.85 ಲಕ್ಷ. ನಾನೂ ನನ್ನ ಹೆಂಡತಿಯೂ ಈ ಅಂಕಿ ನೋಡಿಯೇ ಸಹಿ ಹಾಕಿದ್ದು.

ಸಾಲದ ಆಚೆಗಿನ ಖರ್ಚನ್ನು ಬೇರೆ ಹಾಳೆಯಲ್ಲಿ ಬರೆದಿದ್ದೆ. ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ಸು, ಸರ್‌ಚಾರ್ಜು ಸೇರಿ 5.6, ನೋಂದಣಿ ಶೇ. 1. ಎಲ್ಲ ಕೂಡಿ 3.43 ಲಕ್ಷ. (ನೋಂದಣಿ ಶುಲ್ಕವನ್ನು ರಾಜ್ಯ ಸರ್ಕಾರ 2025ರ ಆಗಸ್ಟ್ ಕೊನೆಯಲ್ಲಿ ಶೇ. 2ಕ್ಕೆ ಏರಿಸಿದೆ. ಈಗ ಕೊಳ್ಳುವವರು ಅದನ್ನೂ ಸೇರಿಸಿಕೊಳ್ಳಲಿ.) ಈ ದುಡ್ಡನ್ನು ಬ್ಯಾಂಕು ಮನೆಯ ಬೆಲೆಗೆ ಸೇರಿಸಿ ಸಾಲ ಕೊಡುವುದಿಲ್ಲ, ಕೈಯಿಂದಲೇ ಹಾಕಬೇಕು. ಇನ್ನು ಪ್ರೊಸೆಸಿಂಗ್ ಫೀ, ಲೀಗಲ್ ಒಪೀನಿಯನ್, ವ್ಯಾಲ್ಯುಯೇಷನ್, ಪತ್ರ ಅಡವಿಟ್ಟದ್ದರ ನೋಂದಣಿ. ಇವೆಲ್ಲ ಸಾವಿರಗಳ ಲೆಕ್ಕ, ಒಮ್ಮೆ ಕೊಟ್ಟರೆ ಮುಗಿಯಿತು.

ಮುಗಿಯದೆ ಉಳಿಯುವುದು ಸಾಲದೊಳಗೇ ಸೇರಿಕೊಳ್ಳುವ ಖರ್ಚು. ನಮಗೆ ಸಾಲ ಕೊಟ್ಟ ಶಾಖೆಯಲ್ಲಿ 1.20 ಲಕ್ಷದ ಒಂದೇ ಪ್ರೀಮಿಯಂನ ವಿಮೆ ಮುಂದಿಟ್ಟರು. "ಕೈಯಿಂದ ಏನೂ ಕೊಡೋದು ಬೇಡ ಸಾರ್, ಲೋನ್‌ಗೇ ಸೇರಿಸ್ತೀವಿ, ಇಎಂಐ ಒಂಬೈನೂರು ಚಿಲ್ಲರೆ ಜಾಸ್ತಿ ಆಗುತ್ತೆ ಅಷ್ಟೆ" ಅಂದರು. ಆ ಒಂಬೈನೂರು ಚಿಲ್ಲರೆಯನ್ನು 240ರಿಂದ ಗುಣಿಸಿದೆ: 2.22 ಲಕ್ಷ. ಬ್ಯಾಂಕ್ ತೋರಿಸಿದ ವಿಮೆಯನ್ನೇ ಕೊಳ್ಳಬೇಕೆಂಬ ನಿಯಮವೇನೂ ಇಲ್ಲ. ಮನೆಯ ಯಜಮಾನನಿಗೆ ಏನಾದರೂ ಆದರೆ ಸಾಲ ಹೆಂಡತಿ ಮಕ್ಕಳ ತಲೆ ಮೇಲೆ ಬೀಳಬಾರದು ಅನ್ನುವುದು ನಿಜ. ಅದಕ್ಕೆ ಹೊರಗೆ ಬೇರೆಯಾಗಿ ಟರ್ಮ್ ಪಾಲಿಸಿ (ಸತ್ತರೆ ಮಾತ್ರ ದುಡ್ಡು ಬರುವ ಜೀವವಿಮೆ) ಮಾಡಿಸಿದೆ. ಸಾಲ ಬೇರೆ ಬ್ಯಾಂಕಿಗೆ ಹೋದರೂ ಆ ಪಾಲಿಸಿ ನನ್ನ ಜೊತೆಗೇ ಇರುತ್ತದೆ.

2022ರ ಮೇನಿಂದ ಬಡ್ಡಿ ಏರತೊಡಗಿತು. ರೆಪೊ 4ರಿಂದ 4.40, 4.90, 5.40, 5.90, 6.25, ಕೊನೆಗೆ 2023ರ ಫೆಬ್ರವರಿಯಲ್ಲಿ 6.50. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಹೊಸ ಫ್ಲೋಟಿಂಗ್ (ಅಂದರೆ ದರ ಏರಿಳಿಯುವ) ಗೃಹಸಾಲವನ್ನು ಹೊರಗಿನ ಒಂದು ದರಕ್ಕೆ ಜೋಡಿಸಲೇಬೇಕು. ಹೆಚ್ಚಿನವರದ್ದು ರೆಪೊಗೇ ಜೋಡಣೆ. ನಮ್ಮದು ರೆಪೊ ಪ್ಲಸ್ 2.90. ಮೂರು ತಿಂಗಳಿಗೊಮ್ಮೆ ದರ ಬದಲಾಗುತ್ತಾ 7.80, 8.80, 9.15 ಆಗಿ 2023ರ ಏಪ್ರಿಲ್ ಹೊತ್ತಿಗೆ 9.40ಕ್ಕೆ ಬಂತು. ಅಷ್ಟು ದಿನವೂ ಕಂತು ಮಾತ್ರ 30,772 ಆಗಿಯೇ ಇತ್ತು. ಖಾತೆಯಿಂದ ಪ್ರತಿ ತಿಂಗಳು ಅಷ್ಟೇ ದುಡ್ಡು ಹೋಗುತ್ತಿದ್ದರೆ ಏನೋ ಬದಲಾಗಿದೆ ಅಂತ ಯಾರಿಗೆ ತಾನೆ ಗೊತ್ತಾಗಬೇಕು? ಅಲ್ಲಿಯವರೆಗೆ ಕಟ್ಟಿದ್ದ 5.85 ಲಕ್ಷದಲ್ಲಿ ಅಸಲು ಇಳಿದದ್ದು 1.05 ಲಕ್ಷ.

ಈ ಹೊತ್ತಿಗೆ ಬ್ಯಾಂಕಿನಿಂದ ಮೆಸೇಜು ಬಂತು. ನಿಮ್ಮ ಇಎಂಐ 32,800ಕ್ಕೆ ಪರಿಷ್ಕರಣೆಯಾಗಿದೆ, ಉಳಿದ ಅವಧಿ 341 ತಿಂಗಳು. ಮೊದಲ ಒಪ್ಪಂದದ ಪ್ರಕಾರ ಉಳಿದಿರಬೇಕಾದದ್ದು 221. ಆಫೀಸಿನಲ್ಲಿ ಇದೇ ಬ್ಯಾಂಕಿನ ಸಾಲ ಇದ್ದವರೆಲ್ಲ "ಸದ್ಯ, ಎರಡು ಸಾವಿರಕ್ಕೇ ಮುಗೀತಲ್ಲ" ಅಂತ ಉಸಿರು ಬಿಟ್ಟರು. ನಾನು ಲೆಕ್ಕಕ್ಕೆ ಕೂತೆ.

ಅವಧಿ 221ಕ್ಕೇ ನಿಲ್ಲಬೇಕಾದರೆ ಕಂತು 37,127. ಬ್ಯಾಂಕು ಹೇಳಿದ್ದಕ್ಕಿಂತ ತಿಂಗಳಿಗೆ 4,327 ಹೆಚ್ಚು. ಹಾಗೆ ಕಟ್ಟಿದರೆ ಅಲ್ಲಿಂದ ಮುಂದೆ ಕೊಡಬೇಕಾದದ್ದು ಒಟ್ಟು 82.05 ಲಕ್ಷ. 32,800ರಂತೆ 341 ತಿಂಗಳು ಕಟ್ಟಿದರೆ 1 ಕೋಟಿ 11.85 ಲಕ್ಷ. ವ್ಯತ್ಯಾಸ 29.8 ಲಕ್ಷ. ಅಲ್ಲದೆ ನನ್ನ ನಿವೃತ್ತಿಯಾದ ಮೇಲೂ ವರ್ಷಗಟ್ಟಲೆ ಕಂತು.

ಪಕ್ಕದ ಟೇಬಲ್ಲಿನ ಸಹೋದ್ಯೋಗಿ ಇದನ್ನು ಒಪ್ಪಲಿಲ್ಲ. "ಇಪ್ಪತ್ತೈದು ವರ್ಷ ಆದ್ಮೇಲಿನ ರೂಪಾಯಿಯನ್ನ ಇವತ್ತಿನ ರೂಪಾಯಿ ಜೊತೆ ಕೂಡಿಸ್ತಾ ಇದೀಯಲ್ಲೋ, ಅಕೌಂಟ್ಸ್‌ನವನಾಗಿ?" ಅಂದ. ಅವನ ಮಾತು ಸರಿ. 29.8 ಲಕ್ಷ ಅನ್ನುವುದು ಹೆದರಿಸುವ ಅಂಕಿ, ಅದನ್ನು ಹಾಗೇ ನಂಬಬಾರದು. ಹಾಗಾಗಿ ಇನ್ನೊಂದು ದಾರಿಯಿಂದ ನೋಡಿದೆ. ಅವಧಿ ಹಿಗ್ಗಿಸಿಕೊಂಡರೆ ತಿಂಗಳಿಗೆ 4,327 ರೂಪಾಯಿ ನನ್ನ ಕೈಯಲ್ಲಿ ಉಳಿಯುತ್ತದೆ, ಬ್ಯಾಂಕು ಅದಕ್ಕೆ ಶೇ. 9.40 ಬಡ್ಡಿ ಹಾಕುತ್ತದೆ. ಅಂದರೆ ಬ್ಯಾಂಕು ಪ್ರತಿ ತಿಂಗಳು ನನಗೆ 4,327ರ ಹೊಸ ಸಾಲ ಕೊಡುತ್ತಿದೆ, ನಾನು ಅರ್ಜಿ ಹಾಕದೆಯೇ. ಆ ದುಡ್ಡನ್ನು ತೆರಿಗೆ ಕಳೆದು 9.40ಕ್ಕಿಂತ ಹೆಚ್ಚು ದುಡಿಸಬಲ್ಲೆನಾದರೆ ಅವಧಿ ಹಿಗ್ಗಿಸುವುದೇ ಲಾಭ. ಪಿಎಫ್‌ಗೆ ಆ ವರ್ಷ ಕೊಟ್ಟದ್ದು ಶೇ. 8.15. ಎಫ್‌ಡಿ ಅದಕ್ಕಿಂತ ಕೆಳಗೆ, ಮೇಲಿಂದ ತೆರಿಗೆ. ಷೇರು ಫಂಡಿನಲ್ಲಿ ಹೆಚ್ಚು ಬರಬಹುದು, ಬಾರದೆಯೂ ಇರಬಹುದು. ಸಹೋದ್ಯೋಗಿ ಎಸ್‌ಐಪಿ (ತಿಂಗಳು ತಿಂಗಳು ಫಂಡಿಗೆ ಕಟ್ಟುವುದು) ಹಾಕುತ್ತೇನೆ ಅಂತ ಅವಧಿ ಹಿಗ್ಗಿಸಿಕೊಂಡ. ಹಾಕುವ ಶಿಸ್ತು ಅವನಿಗಿದೆ. ನಮ್ಮ ಮನೆಯಲ್ಲಿ ಕೈಗೆ ಬಂದ ನಾಲ್ಕು ಸಾವಿರ ಹಬ್ಬ ಹುಣ್ಣಿಮೆಗೆ ಹೋಗುತ್ತದೆ ಅನ್ನುವುದು ನನ್ನ ಹೆಂಡತಿಗೂ ಗೊತ್ತು, ನನಗೂ ಗೊತ್ತು.

ಶಾಖೆಗೆ ಹೋಗಿ ಕಂತು 37,127 ಮಾಡಿ, ಅವಧಿ ಮುಟ್ಟಬೇಡಿ ಅಂತ ಪತ್ರ ಕೊಟ್ಟೆ. ಲೋನ್ ಕೌಂಟರಿನ ಮೇಡಂ ಎರಡು ಸಲ ಓದಿದರು. "ಸಾರ್, ಎಲ್ಲರೂ ಇಎಂಐ ಕಮ್ಮಿ ಮಾಡಿ ಅಂತ ಬರ್ತಾರೆ, ನೀವು ಜಾಸ್ತಿ ಮಾಡಿ ಅಂತೀರಲ್ಲ?"

"ಅವಧಿ ಕಮ್ಮಿ ಮಾಡಿ ಅಂತಿದೀನಿ ಮೇಡಂ."

"ಅದನ್ನ ಸಿಸ್ಟಮ್ಮೇ ಮಾಡುತ್ತೆ ಸಾರ್, ನಮ್ಮ ಕೈಲಿಲ್ಲ." ಕೊನೆಗೆ ಮ್ಯಾನೇಜರ್ ತನಕ ಹೋಗಿ, ಪತ್ರದ ಪ್ರತಿಗೆ ಸೀಲು ಹಾಕಿಸಿಕೊಂಡು ಬಂದೆ. ಮುಂದಿನ ಕಂತು ಹೊಸ ಮೊತ್ತದಲ್ಲೇ ಹೋಯಿತು. ಆ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕೇ ಸುತ್ತೋಲೆ ಹೊರಡಿಸಿತು: ದರ ಬದಲಾದಾಗ ಕಂತು ಏರಿಸುವುದೋ, ಅವಧಿ ಹಿಗ್ಗಿಸುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಅಂತ ಗ್ರಾಹಕರನ್ನು ಕೇಳಬೇಕು, ಎಷ್ಟು ಅಸಲು, ಎಷ್ಟು ಬಡ್ಡಿ, ಎಷ್ಟು ಕಂತು ಬಾಕಿ ಅನ್ನುವುದನ್ನು ಮೂರು ತಿಂಗಳಿಗೊಮ್ಮೆ ತಿಳಿಸಬೇಕು. ಈಗ ಅದನ್ನು ಕೇಳಿ ಪಡೆಯುವುದು ಹಕ್ಕು.

ಮುಂದಿನದು ಆ 2.90. ರೆಪೊ ಯಾರ ಕೈಯಲ್ಲೂ ಇಲ್ಲ, ಆದರೆ ಅದರ ಮೇಲೆ ಬ್ಯಾಂಕು ಇಡುವ ಸ್ಪ್ರೆಡ್ ಇದೆಯಲ್ಲ, ಅದು ಸಾಲ ತೆಗೆದ ದಿನದ್ದು. ರೆಪೊ ಏರಿದ ಮೇಲೆ ಹೊಸ ಗಿರಾಕಿಗಳನ್ನು ಸೆಳೆಯಲು ಬ್ಯಾಂಕುಗಳು ಸ್ಪ್ರೆಡ್ ಇಳಿಸಿದವು. ಒಳ್ಳೆಯ ಕ್ರೆಡಿಟ್ ಸ್ಕೋರ್ ಇದ್ದ ಹೊಸಬರಿಗೆ 8.50ರ ಆಸುಪಾಸಿನಲ್ಲಿ ಸಾಲ ಸಿಗುತ್ತಿದ್ದಾಗ ಹಳಬನಾದ ನಾನು 9.40 ಕಟ್ಟುತ್ತಿದ್ದೆ. ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸಿದರೆ ಪ್ರೊಸೆಸಿಂಗ್, ಲೀಗಲ್, ಅಡಮಾನ ನೋಂದಣಿ ಎಲ್ಲ ಮತ್ತೆ ಮೊದಲಿನಿಂದ. ಹಾಗಾಗಿ ಮೊದಲು ನಮ್ಮ ಬ್ಯಾಂಕನ್ನೇ ಕೇಳಿದೆ, ಕೈಯಲ್ಲಿ ಇನ್ನೊಂದು ಬ್ಯಾಂಕಿನ ಆಫರ್ ಪತ್ರ ಹಿಡಿದುಕೊಂಡು. ಕೆಲವು ಸಾವಿರ ಶುಲ್ಕ ತೆಗೆದುಕೊಂಡು 2024ರ ಏಪ್ರಿಲ್‌ನಿಂದ 2.25ಕ್ಕೆ ಇಳಿಸಿದರು. ದರ 8.75 ಆಯಿತು. ಕಂತು ಹಾಗೇ ಬಿಟ್ಟೆ. ಉಳಿದಿದ್ದ 209 ಕಂತು 190ಕ್ಕೆ ಇಳಿಯಿತು. ಹತ್ತೊಂಬತ್ತು ಕಂತು ಅಂದರೆ ಏಳು ಲಕ್ಷದ ಮೇಲೆ. ನಾನು ಮಾಡಿದ್ದರಲ್ಲಿ ಅತಿ ಕಡಿಮೆ ಖರ್ಚಿನ ಕೆಲಸ ಇದೇ. ಕೇಳದೆ ಯಾವ ಬ್ಯಾಂಕೂ ತಾನಾಗಿ ಇದನ್ನು ಕೊಡುವುದಿಲ್ಲ.

ಅದೇ ತಿಂಗಳು ಬೋನಸ್ಸಿನ 1 ಲಕ್ಷ ಅಸಲಿಗೆ ಕಟ್ಟಿದೆ. 190 ಇದ್ದದ್ದು 180ಕ್ಕೆ ಬಂತು. ಒಂದು ಲಕ್ಷಕ್ಕೆ ಹತ್ತು ಕಂತು, ಅಂದರೆ 3.7 ಲಕ್ಷ ಕಡಿತ. ಫ್ಲೋಟಿಂಗ್ ದರದ ಗೃಹಸಾಲಕ್ಕೆ ಅವಧಿಗೆ ಮೊದಲೇ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ, 2012ರಿಂದಲೇ. ಆದರೆ ದುಡ್ಡು ಕಟ್ಟುವಾಗ "ಅವಧಿ ಇಳಿಸಿ, ಇಎಂಐ ಅಲ್ಲ" ಅಂತ ಬರೆದುಕೊಡಬೇಕು. ಅದನ್ನು ಅವರ ಊಹೆಗೆ ಬಿಡಬಾರದು.

ತೆರಿಗೆಯ ಮಾತು ಎಲ್ಲರೂ ಎತ್ತುತ್ತಾರೆ. "ಸಾಲ ಬೇಗ ತೀರಿಸಬೇಡಪ್ಪ, ಟ್ಯಾಕ್ಸ್ ಉಳಿಯುತ್ತೆ" ಅಂತ ನಮ್ಮ ಮಾವನವರೂ ಹೇಳಿದ್ದರು. ಆದಾಯ ತೆರಿಗೆಯ ಹಳೆ ಪದ್ಧತಿಯಲ್ಲಿ ನಾವೇ ವಾಸವಿರುವ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ. ನಾನಿದ್ದ ಶೇ. 20ರ ಸ್ಲ್ಯಾಬಿನಲ್ಲಿ ಸೆಸ್ಸು ಸೇರಿ ಅದರಿಂದ ಉಳಿಯುವುದು 41,600. 2023-24ರಲ್ಲಿ ನಾನು ಕಟ್ಟಿದ ಬಡ್ಡಿ 3.63 ಲಕ್ಷ. ಹೊಸ ಪದ್ಧತಿಗೆ ಹೋದರೆ ಆ 41,600 ಕೂಡ ಇಲ್ಲ. ಮಾವನವರಿಗೆ ಇದನ್ನು ಕಾಗದದ ಮೇಲೆ ಬರೆದು ತೋರಿಸಿದೆ, ಅವರು ಕನ್ನಡಕ ತೆಗೆದಿಟ್ಟು ಕಾಫಿ ಕೇಳಿದರು.

ಇದೆಲ್ಲ ಬರೆದ ಮೇಲೆ ಮನೆ ಕೊಂಡದ್ದೇ ನಷ್ಟ ಅನ್ನಿಸಬಹುದು. ಹಾಗಲ್ಲ. ಬಡ್ಡಿಯ ಎದುರಿಗೆ ಬಾಡಿಗೆ ಇಡಬೇಕು. ಮೊದಲ ತಿಂಗಳ ಬಡ್ಡಿ 23,000 ಆಗಿದ್ದರೆ ಅದೇ ಬಡಾವಣೆಯಲ್ಲಿ ನಾವು ಕೊಡುತ್ತಿದ್ದ ಬಾಡಿಗೆ 13,000. ಫ್ಲ್ಯಾಟಿನ ನಿರ್ವಹಣೆ, ಮನೆ ಕಂದಾಯ ಸೇರಿಸಿದರೆ ಸ್ವಂತ ಮನೆಗೆ ನಾವು ತೆರುತ್ತಿದ್ದದ್ದು ಬಾಡಿಗೆಗಿಂತ ತಿಂಗಳಿಗೆ ಹನ್ನೆರಡು ಹದಿಮೂರು ಸಾವಿರ ಹೆಚ್ಚು. ಬಾಡಿಗೆ ವರ್ಷ ವರ್ಷ ಏರುತ್ತದೆ, ಬಡ್ಡಿ ಇಳಿಯುತ್ತದೆ. ಆದರೆ ಎರಡೂ ಒಂದನ್ನೊಂದು ದಾಟುವುದು ಬೇಗ ಬರಬೇಕಾದರೆ ಅಸಲು ಇಳಿಯಲೇಬೇಕು. 264 ರೂಪಾಯಿಯ ವೇಗದಲ್ಲಿ ಅದು ಯಾವ ಕಾಲಕ್ಕೂ ಬರುತ್ತಿರಲಿಲ್ಲ.

2025ರಲ್ಲಿ ಗಾಳಿ ತಿರುಗಿತು. ಫೆಬ್ರವರಿಯಿಂದ ಡಿಸೆಂಬರ್ ಒಳಗೆ ರೆಪೊ 6.50ರಿಂದ 5.25ಕ್ಕೆ ಇಳಿದು, ನಮ್ಮ ದರ 2026ರ ಜನವರಿಗೆ 7.50 ಆಯಿತು. ನಡುವೆ 2025ರ ಏಪ್ರಿಲ್‌ನಲ್ಲಿ ಇನ್ನೊಂದು ಲಕ್ಷ ಕಟ್ಟಿದ್ದೆ. ಬಾಕಿ 33.58 ಲಕ್ಷ. ಮೊದಲ ಒಪ್ಪಂದದ ಪ್ರಕಾರ ಉಳಿಯಬೇಕಾದದ್ದು 188 ಕಂತು. 37,127ರಂತೆ ಕಟ್ಟಿದರೆ 134ಕ್ಕೇ ಮುಗಿಯುತ್ತದೆ. ಬೇಕಾದರೆ ಅವಧಿ 188ಕ್ಕೇ ಇಟ್ಟು ಕಂತನ್ನು 30,413ಕ್ಕೆ ಇಳಿಸಬಹುದು. ಕೈಯಲ್ಲಿ ತಿಂಗಳಿಗೆ 6,700 ಉಳಿಯುತ್ತದೆ, ಒಟ್ಟಿನಲ್ಲಿ ಏಳೂವರೆ ಲಕ್ಷ ಹೆಚ್ಚು ಹೋಗುತ್ತದೆ.

ಈ ಸಲ ಲೆಕ್ಕ ಅಷ್ಟು ಸಲೀಸಾಗಿರಲಿಲ್ಲ. ದರ 7.50 ಆದಾಗ ಹೊಸ ಸಾಲವೂ ಅಷ್ಟು ದುಬಾರಿಯಲ್ಲ, ಪಿಎಫ್‌ಗೆ ತಿಂಗಳು ತಿಂಗಳು ಹೆಚ್ಚುವರಿ ಹಾಕಿದರೆ 8.25 ಬರುತ್ತದೆ. ಮಗಳು ಈ ವರ್ಷ ಪಿಯುಸಿಗೆ ಹೋಗುತ್ತಾಳೆ, ಕಾಲೇಜಿನ ಫೀ ಬೇರೆ. ಕಂತು 37,127 ಆಗಿಯೇ ಇರಲಿ, ಏಪ್ರಿಲ್‌ನ ಒಂದು ಲಕ್ಷ ಮಾತ್ರ ಈ ಸಲ ಸಾಲಕ್ಕೆ ಹೋಗದೆ ಅವಳ ಫೀಗೆ ಹೋಗಲಿ ಅಂತ ತೀರ್ಮಾನಿಸಿದೆವು. ಹಾಳೆಯಲ್ಲಿ ಅದರಿಂದ ಆರು ಕಂತು ಹೆಚ್ಚು ತೋರಿಸುತ್ತಿದೆ.